ನಟನೆಯಿಂದ ನಿರ್ದೇಶನಕ್ಕೆ: ಮಲೆನಾಡಿನ ಕಲಾವಿದರು ಸಾರಾ ಪಾಲಿ ಅವರಿಂದ ಕಲಿಯಬಹುದಾದ ಕ್ರಮ

ಹೆಗ್ಗೋಡಿನಲ್ಲಿ ರಂಗಶಿಕ್ಷಣ ಪಡೆದು, ತಿರುಗಾಟದ ನಾಟಕಗಳೊಂದಿಗೆ ಊರೂರು ಸುತ್ತಿ, ಆಮೇಲೆ ಬೆಂಗಳೂರಿನ ಧಾರಾವಾಹಿಗಳಲ್ಲಿ ನೆಲೆ ಕಂಡುಕೊಂಡ ಕಲಾವಿದರು ಶಿವಮೊಗ್ಗ ಜಿಲ್ಲೆಯಲ್ಲಿ ಕಡಿಮೆಯೇನಿಲ್ಲ. ಅವರಲ್ಲಿ ಹಲವರಿಗೆ ಒಂದು ಹಂತದಲ್ಲಿ ನಿರ್ದೇಶನದ ಕಡೆಗೆ ಮನಸ್ಸು ಹರಿಯುತ್ತದೆ. ಈ ಬರಹ ಅಂಥವರಿಗಾಗಿ. ನಟನೆಯಿಂದ ನಿರ್ದೇಶನಕ್ಕೆ ಬಂದವರೆಂದರೆ ನಮಗೆ ಮೊದಲು ನೆನಪಾಗುವವರು ಆಗುಂಬೆಯನ್ನು ಇಡೀ ದೇಶಕ್ಕೆ ಕಿರುತೆರೆಯಲ್ಲಿ ತೋರಿಸಿದ ಶಂಕರ್‌ನಾಗ್. ಆದರೆ 1978ರಲ್ಲಿ ಮೊದಲ ಬಾರಿಗೆ ತೆರೆಯ ಮೇಲೆ ಬಂದು 1980ರಲ್ಲೇ ನಿರ್ದೇಶಕರಾದ ಅವರ ವೇಗ ಎಲ್ಲರಿಗೂ ಎಟುಕುವಂಥದ್ದಲ್ಲ. ಕೆನಡಾದ ಸಾರಾ ಪಾಲಿ ಹಂತಹಂತವಾಗಿ ಮುಂದುವರಿದವರಾದ್ದರಿಂದ ಅವರ ದಾರಿಯನ್ನು ಅನುಸರಿಸುವುದು ಸುಲಭವೆಂಬುದು ನನ್ನ ಅಭಿಪ್ರಾಯ.

1979ರಲ್ಲಿ ಟೊರೊಂಟೊದಲ್ಲಿ ಹುಟ್ಟಿದ ಪಾಲಿ ಬಾಲನಟಿಯಾಗಿ ಕ್ಯಾಮೆರಾದ ಮುಂದೆ ಬಂದರು. 1990ರಲ್ಲಿ ಆರಂಭವಾದ ‘ರೋಡ್ ಟು ಅವನ್ಲೀ’ ಎಂಬ ಧಾರಾವಾಹಿಯ ಮುಖ್ಯ ಪಾತ್ರದಿಂದ ಅವರು ಕೆನಡಾದ ಮನೆಮನೆಗೂ ಪರಿಚಿತರಾದರು. 1999ರ ಹೊತ್ತಿಗೆ ಕಿರುಚಿತ್ರಗಳನ್ನು ನಿರ್ದೇಶಿಸತೊಡಗಿದ್ದ ಅವರ ಮೊದಲ ಪೂರ್ಣಪ್ರಮಾಣದ ಚಿತ್ರ ‘ಅವೇ ಫ್ರಮ್ ಹರ್’ ಬಂದದ್ದು 2006ರಲ್ಲಿ. 2022ರ ‘ವಿಮೆನ್ ಟಾಕಿಂಗ್’ ಚಿತ್ರದ ಚಿತ್ರಕಥೆಗೆ ಮರುವರ್ಷ ಅವರಿಗೆ ಆಸ್ಕರ್ ಪ್ರಶಸ್ತಿ ದೊರೆಯಿತು. ಈ ನಡುವಿನ ವರ್ಷಗಳಲ್ಲಿ ಅವರು ಏನೇನು ಮಾಡಿದರೆಂಬುದು ನಮಗೆ ಮುಖ್ಯ.

ಮೊದಲ ಕೆಲಸವನ್ನು ನೀವು ಈಗ ಪಾತ್ರ ಮಾಡುತ್ತಿರುವ ಸೆಟ್ಟಿನಲ್ಲಿಯೇ ಆರಂಭಿಸಬಹುದು. ನಟರಿಗೆ ತಮ್ಮ ದೃಶ್ಯಗಳಷ್ಟೇ ಗೊತ್ತಿದ್ದರೆ ಸಾಕಾಗುತ್ತದೆ. ನಿರ್ದೇಶಕರಿಗೆ ಹಿಂದಿನ ದೃಶ್ಯದಲ್ಲಿ ಸೆರಗು ಯಾವ ಭುಜದ ಮೇಲಿತ್ತು ಎಂಬುದರಿಂದ ಹಿಡಿದು ಮುಂದಿನ ದೃಶ್ಯದಲ್ಲಿ ಯಾವ ಸುದ್ದಿ ಬರಲಿದೆ ಎಂಬುದರವರೆಗೆ ಎಲ್ಲವೂ ಮನಸ್ಸಿನಲ್ಲಿರಬೇಕು. ಆದ್ದರಿಂದ ನಿಮ್ಮ ಶಾಟ್ ಮುಗಿದ ಮೇಲೆ ಕೋಣೆಗೆ ಹೋಗದೆ, ಸಂಚಿಕೆ ನಿರ್ದೇಶಕರ ಅನುಮತಿ ಪಡೆದು ಮಾನಿಟರ್ ಹಿಂದೆ ನಿಲ್ಲಿರಿ. ಬೆಳಿಗ್ಗೆ ಸೀನ್ ಪೇಪರ್ ಕೈಗೆ ಬಂದ ಕೂಡಲೇ, ಈ ದೃಶ್ಯ ನಿಮ್ಮದಾಗಿದ್ದರೆ ಕ್ಯಾಮೆರಾ ಎಲ್ಲಿ ಇಡುತ್ತಿದ್ದಿರಿ, ಯಾರ ಮುಖಕ್ಕೆ ಕ್ಲೋಸಪ್ ತೆಗೆಯುತ್ತಿದ್ದಿರಿ ಎಂದು ಅಂಚಿನಲ್ಲಿ ಗುರುತು ಮಾಡಿಕೊಂಡು, ಸಂಜೆ ಅದನ್ನು ನಿಜವಾಗಿ ನಡೆದ ಚಿತ್ರೀಕರಣದೊಂದಿಗೆ ಹೋಲಿಸಿ ನೋಡಿ. ಇಬ್ಬರು ಪಾತ್ರಧಾರಿಗಳ ನಡುವೆ ಎಳೆದಂತಿರುವ ಕಾಲ್ಪನಿಕ ಗೆರೆಯ ಒಂದೇ ಬದಿಯಲ್ಲಿ ಕ್ಯಾಮೆರಾ ಇರಬೇಕೆಂಬ 180 ಡಿಗ್ರಿಯ ನಿಯಮವನ್ನು ಪುಸ್ತಕಕ್ಕಿಂತ ಹೀಗೆ ನೋಡಿ ಕಲಿಯುವುದೇ ಮೇಲು, ಏಕೆಂದರೆ ಮೂವರು ನಾಲ್ವರು ಕುಳಿತ ಊಟದ ದೃಶ್ಯದಲ್ಲಿ ಆ ಗೆರೆ ಹೇಗೆ ಜರುಗುತ್ತದೆ ಎಂಬುದು ಕಣ್ಣೆದುರು ನಡೆದಾಗ ಮಾತ್ರ ಅರ್ಥವಾಗುತ್ತದೆ. ಕೇಳದೆ ಸಲಹೆ ಕೊಡಬೇಡಿ.

ಅನುಭವವಿದ್ದ ಮಾತ್ರಕ್ಕೆ ಶಿಕ್ಷಣ ಬೇಡವೆಂದುಕೊಳ್ಳಬಾರದು. ಬಾಲ್ಯದಿಂದಲೂ ಸೆಟ್ಟುಗಳಲ್ಲೇ ಬೆಳೆದ ಪಾಲಿ, ಟೊರೊಂಟೊದಲ್ಲಿ ನಿರ್ದೇಶಕ ನಾರ್ಮನ್ ಜೂಯಿಸನ್ ಸ್ಥಾಪಿಸಿದ ಕೆನೆಡಿಯನ್ ಫಿಲ್ಮ್ ಸೆಂಟರಿಗೆ ವಿದ್ಯಾರ್ಥಿನಿಯಾಗಿ ಸೇರಿ ನಿರ್ದೇಶನವನ್ನು ಕ್ರಮವಾಗಿ ಕಲಿತರು. ನಮ್ಮಲ್ಲಿ ಪುಣೆಯ ಚಲನಚಿತ್ರ ಸಂಸ್ಥೆ ಅಲ್ಪಾವಧಿಯ ತರಗತಿಗಳನ್ನು ನಡೆಸುತ್ತದೆ. ಕ್ಯಾಮೆರಾ ಮತ್ತು ಧ್ವನಿ ತಂತ್ರದಲ್ಲಿ ಪೂರ್ಣ ತರಬೇತಿ ಬೇಕೆನ್ನುವವರಿಗೆ ಹೆಸರಘಟ್ಟದ ಸರ್ಕಾರಿ ಸಂಸ್ಥೆಯಿದೆ. ಇವೆರಡೂ ಆಗದಿದ್ದರೆ ಸಂಕಲನವನ್ನಾದರೂ ಸ್ವತಃ ಕಲಿಯಿರಿ. ಡಾವಿಂಚಿ ರಿಸಾಲ್ವ್ ಎಂಬ ತಂತ್ರಾಂಶದ ಉಚಿತ ಆವೃತ್ತಿ ಇದಕ್ಕೆ ಧಾರಾಳವಾಗಿ ಸಾಲುತ್ತದೆ. ತಾನೇ ತೆಗೆದ ಒಂದು ದೃಶ್ಯವನ್ನು ತಾನೇ ಕತ್ತರಿಸಿ ಜೋಡಿಸಲು ಕುಳಿತವರಿಗೆ, ಯಾವ ಶಾಟ್ ತೆಗೆಯಬೇಕಿತ್ತು, ಯಾವುದು ಅನಗತ್ಯವಾಗಿತ್ತು ಎಂಬುದು ತಾನಾಗಿಯೇ ತಿಳಿಯುತ್ತದೆ.

ಕಥೆಯ ಆಯ್ಕೆ ಇಡೀ ಪ್ರಯತ್ನದ ತಿರುಳು. ಸ್ವಂತ ಕಥೆಯೇ ಆಗಬೇಕೆಂಬ ಹಟ ಹೊಸಬರಲ್ಲಿ ಬಹಳ. ಪಾಲಿ ಹಾಗೆ ಮಾಡಲಿಲ್ಲ. ಅವರ ಮೊದಲ ಚಿತ್ರಕ್ಕೆ ಆಧಾರವಾದದ್ದು ಅವರದೇ ನಾಡಿನ ಲೇಖಕಿ ಆಲಿಸ್ ಮನ್ರೋ ಬರೆದ ಒಂದು ಸಣ್ಣಕಥೆ. ಮರೆವಿನ ಕಾಯಿಲೆಗೆ ತುತ್ತಾದ ಹೆಂಡತಿ ಮತ್ತು ಅವಳನ್ನು ಆರೈಕೆಯ ಮನೆಗೆ ಬಿಟ್ಟು ಬರಬೇಕಾದ ಗಂಡನ ಆ ಕಥೆಯನ್ನು ಇಪ್ಪತ್ತರ ಹರೆಯದ ನಿರ್ದೇಶಕಿ ಚಿತ್ರವಾಗಿಸಿದರು; ಚಿತ್ರಕಥೆಗೆ ಆಸ್ಕರ್ ನಾಮನಿರ್ದೇಶನವೂ ಬಂತು. ಕಾದಂಬರಿಗಿಂತ ಸಣ್ಣಕಥೆ ಹೊಸಬರಿಗೆ ಒಳ್ಳೆಯದು, ಏಕೆಂದರೆ ಅದರಲ್ಲಿ ಕೈಬಿಡಬೇಕಾದದ್ದು ಕಡಿಮೆ, ನಿಧಾನವಾಗಿ ನೋಡಬೇಕಾದದ್ದು ಹೆಚ್ಚು.

ಕನ್ನಡದ ಕಥೆ ಎತ್ತಿಕೊಳ್ಳುವ ಮೊದಲು ಹಕ್ಕುಸ್ವಾಮ್ಯ ನೋಡಿಕೊಳ್ಳಿ. ನಮ್ಮ ಕಾನೂನಿನಂತೆ ಲೇಖಕರು ತೀರಿಕೊಂಡ ನಂತರ 60 ವರ್ಷಗಳವರೆಗೆ ಹಕ್ಕು ವಾರಸುದಾರರಲ್ಲಿ ಉಳಿಯುತ್ತದೆ. 1937ರಲ್ಲಿ ತೀರಿಕೊಂಡ ಪಂಜೆ ಮಂಗೇಶರಾಯರ ಬರಹಗಳನ್ನು ಯಾರೂ ಬಳಸಬಹುದು. 1994ರಲ್ಲಿ ತೀರಿಕೊಂಡ ಕುವೆಂಪು ಅವರ ಕೃತಿಗಳಿಗೆ 2054ರ ಕೊನೆಯವರೆಗೂ ಒಪ್ಪಿಗೆ ಬೇಕು. ಬಾಯಿಮಾತಿನ ಒಪ್ಪಿಗೆ ಸಾಲದು. ಲಿಖಿತ ಪತ್ರ ಪಡೆಯಿರಿ.

ಚಿತ್ರಕಥೆ ಬರೆಯುವಾಗ, ಕಥೆಯಲ್ಲಿ ಕಣ್ಣಿಗೆ ಕಾಣುವ, ಕಿವಿಗೆ ಕೇಳುವ ಸಂಗತಿಗಳನ್ನು ಮೊದಲು ಬೇರ್ಪಡಿಸಿ, ಉಳಿದ ವಿವರಣೆಗೆ ಒಂದು ಕ್ರಿಯೆ ಹುಡುಕಬೇಕು. ‘ತೋಟ ಪಾಲಾದ ಮೇಲೆ ಅಣ್ಣತಮ್ಮಂದಿರು ಮಾತು ಬಿಟ್ಟರು’ ಎಂಬ ಒಂದು ವಾಕ್ಯವಿದೆ ಎಂದುಕೊಳ್ಳಿ. ಧಾರಾವಾಹಿಯ ಅಭ್ಯಾಸದಲ್ಲಿ ಇದು ಮನೆಯ ಹೆಂಗಸರಿಬ್ಬರ ಸಂಭಾಷಣೆಯಾಗುತ್ತದೆ. ಅದರ ಬದಲು ಒಂದೇ ಅಂಗಳದಲ್ಲಿ ಎರಡು ಪಾಲು ಅಡಿಕೆ ಒಣಗಲು ಹರವಿದೆ, ನಡುವೆ ಮೊಳದಗಲದ ಬರಿನೆಲವಿದೆ, ಮೋಡ ಕವಿದಾಗ ಅಣ್ಣ ಓಡಿಬಂದು ತನ್ನ ಪಾಲನ್ನಷ್ಟೇ ಬಾಚಿ ಒಳಗೆ ಸೇರಿಸುತ್ತಾನೆ ಎಂದು ಬರೆದರೆ ಒಂದು ಮಾತೂ ಬೇಕಾಗುವುದಿಲ್ಲ. ಮಲೆನಾಡಿನ ಬದುಕನ್ನು ಒಳಗಿನಿಂದ ಬಲ್ಲವರಿಗೆ ಇಂಥ ಕ್ರಿಯೆಗಳು ಸಾಲುಸಾಲಾಗಿ ಹೊಳೆಯುತ್ತವೆ. ಬೆಂಗಳೂರಿನಿಂದ ಕಥೆ ಹುಡುಕಿಕೊಂಡು ಬರುವ ತಂಡಗಳಿಗೆ ಸಿಗದ ಸಂಪತ್ತು ಇದು.

ನಟವರ್ಗದ ವಿಷಯದಲ್ಲಿ ನಿಮಗೆ ಮೊದಲೇ ಒಂದು ಅನುಕೂಲವಿದೆ. ಪಾಲಿ ತಮ್ಮ ಮೊದಲ ಚಿತ್ರದ ನಾಯಕಿಯನ್ನಾಗಿ ಒಪ್ಪಿಸಿದ್ದು, ಹಿಂದೆ ತಾವು ಜೊತೆಯಲ್ಲಿ ನಟಿಸಿದ್ದ ಹಿರಿಯ ನಟಿ ಜೂಲಿ ಕ್ರಿಸ್ಟಿ ಅವರನ್ನು. ನೀವೂ ಜೊತೆಯಲ್ಲಿ ಕೆಲಸ ಮಾಡಿದ ಹಿರಿಯರನ್ನು ಗೌರವದಿಂದ ಕೇಳಿನೋಡಿ. ಆದರೆ ನಟರಾಗಿದ್ದವರು ನಿರ್ದೇಶಿಸುವಾಗ ಸಹಜವಾಗಿಯೇ ಪಾತ್ರವನ್ನು ತಾವೇ ಮಾಡಿ ತೋರಿಸಲು ಮುಂದಾಗುತ್ತಾರೆ. ಎದುರಿನವರು ಅದನ್ನು ಅನುಕರಿಸುತ್ತಾರೆ, ಅಷ್ಟಕ್ಕೇ ಅವರ ಸ್ವಂತಿಕೆ ನಿಂತುಹೋಗುತ್ತದೆ. ಮಾತನ್ನು ಹೇಗೆ ಹೇಳಬೇಕೆಂದು ತೋರಿಸದೆ, ಆ ಪಾತ್ರಕ್ಕೆ ಎದುರಿನವರಿಂದ ಏನು ಬೇಕಾಗಿದೆ ಎಂಬುದನ್ನಷ್ಟೇ ತಿಳಿಸಿ. ಪಕ್ಕದಿಂದ ಮಾತು ಹೇಳಿಕೊಡುವ ಪ್ರಾಂಪ್ಟಿಂಗ್ ಪದ್ಧತಿಯನ್ನು ಬಿಟ್ಟು, ಚಿತ್ರೀಕರಣಕ್ಕೆ ಮುನ್ನವೇ ಅದೇ ಜಗುಲಿಯಲ್ಲಿ ಅದೇ ಬಟ್ಟೆಯಲ್ಲಿ ತಾಲೀಮು ನಡೆಸಿ. ರಂಗಭೂಮಿಯ ಸ್ನೇಹಿತರಿಗೆ ಧ್ವನಿ ತಗ್ಗಿಸಲು ಸ್ವಲ್ಪ ಸಮಯ ಬೇಕಾಗುತ್ತದೆ, ಅವಸರಪಡಿಸಬೇಡಿ.

ಮಕ್ಕಳ ಪಾತ್ರವಿದ್ದರೆ ವಿಶೇಷ ಎಚ್ಚರಿಕೆ ಅಗತ್ಯ. ಬಾಲನಟಿಯಾಗಿದ್ದಾಗ ಸೆಟ್ಟಿನಲ್ಲಿ ಅನುಭವಿಸಿದ ಭಯದ ಬಗ್ಗೆ ಪಾಲಿ ಮುಂದೆ ಮುಕ್ತವಾಗಿ ಬರೆದರು. ನಮ್ಮ ನಿಯಮಗಳ ಪ್ರಕಾರ 14 ವರ್ಷದೊಳಗಿನ ಬಾಲಕಲಾವಿದರಿಂದ ದಿನಕ್ಕೆ 5 ಗಂಟೆಗಿಂತ ಹೆಚ್ಚು, ಬಿಡುವಿಲ್ಲದೆ 3 ಗಂಟೆಗಿಂತ ಹೆಚ್ಚು ಕೆಲಸ ಮಾಡಿಸುವಂತಿಲ್ಲ. ಜಿಲ್ಲಾ ದಂಡಾಧಿಕಾರಿಗಳ ಅನುಮತಿಯೂ ಬೇಕು. ಚಿಕ್ಕ ತಂಡವೆಂಬ ಕಾರಣಕ್ಕೆ ಇದನ್ನು ಕಡೆಗಣಿಸುವುದು ತಪ್ಪು.

ಚಿತ್ರೀಕರಣಕ್ಕೆ ಡಿಸೆಂಬರಿನಿಂದ ಫೆಬ್ರವರಿಯವರೆಗಿನ ಕಾಲ ಹಿತಕರ. ವರ್ಷಕ್ಕೆ 7,000 ಮಿಲಿಮೀಟರಿಗೂ ಹೆಚ್ಚು ಮಳೆ ಬೀಳುವ ಆಗುಂಬೆಯ ಸುತ್ತ ಜೂನ್‌ನಿಂದ ಸೆಪ್ಟೆಂಬರ್‌ವರೆಗೆ ಮಳೆಯ ದೃಶ್ಯಗಳನ್ನು ತೆಗೆಯಬಹುದೇ ಹೊರತು ಮಾತಿನ ದೃಶ್ಯ ಕಷ್ಟ, ಅದರಲ್ಲೂ ತಗಡಿನ ಮಾಡಿನ ಕೆಳಗೆ ಮಾತೇ ಕೇಳಿಸದು. ಸಂಜೆಯ ಜೀರುಂಡೆ ಸದ್ದು ಶಾಟಿನಿಂದ ಶಾಟಿಗೆ ಏರಿಳಿಯುವುದರಿಂದ, ಪ್ರತಿ ಜಾಗದಲ್ಲೂ ಎಲ್ಲರೂ ಸುಮ್ಮನಿರುವಾಗ ಒಂದು ನಿಮಿಷದ ಧ್ವನಿಯನ್ನು ಪ್ರತ್ಯೇಕವಾಗಿ ಮುದ್ರಿಸಿಕೊಂಡರೆ ಸಂಕಲನದಲ್ಲಿ ನೆರವಾಗುತ್ತದೆ. ಹೆಂಚಿನ ಮನೆಗಳ ಒಳಭಾಗ ಕತ್ತಲು. ಗಾಜಿನ ಹೆಂಚಿನಿಂದ ಇಳಿಯುವ ಬೆಳಕು ಯಾವ ಗಂಟೆಗೆ ಎಲ್ಲಿರುತ್ತದೆಂದು ಹಿಂದಿನ ದಿನವೇ ಬರೆದಿಟ್ಟುಕೊಂಡು ಶಾಟ್‌ಗಳ ಕ್ರಮವನ್ನು ಅದಕ್ಕೆ ಹೊಂದಿಸಿ. ನಮ್ಮ ವಿದ್ಯುತ್ತು 50 ಹರ್ಟ್ಸ್ ಆದ್ದರಿಂದ ಸೆಕೆಂಡಿಗೆ 25 ಫ್ರೇಮ್, ಶಟರ್ ವೇಗ ಸೆಕೆಂಡಿನ 50ರಲ್ಲಿ 1 ಭಾಗ ಇಟ್ಟರೆ ದೀಪಗಳ ಮಿನುಗು ಕಾಡುವುದಿಲ್ಲ. ಅಭಯಾರಣ್ಯಗಳಿಗೆ ಅರಣ್ಯ ಇಲಾಖೆಯ, ಇಕ್ಕೇರಿಯ ಅಘೋರೇಶ್ವರ ದೇವಾಲಯದಂಥ ಸ್ಮಾರಕಗಳಿಗೆ ಪುರಾತತ್ವ ಸರ್ವೇಕ್ಷಣೆಯ ಅನುಮತಿಯನ್ನು ಮುಂಚಿತವಾಗಿ ಪಡೆಯಬೇಕು.

ಕಿರುಚಿತ್ರ ಮುಗಿದ ಮೇಲೆ ಮೊದಲು ಕಥೆ ನಡೆದ ಊರಿನವರಿಗೇ ತೋರಿಸಿ. ಕೊಟ್ಟಿಗೆಯ ಕೆಲಸದಲ್ಲಿ, ಮಾತಿನ ಧಾಟಿಯಲ್ಲಿ ಏನಾದರೂ ತಪ್ಪಿದ್ದರೆ ಅವರು ನೇರವಾಗಿ ಹೇಳುತ್ತಾರೆ, ಅದನ್ನು ಸಂಕಲನದಲ್ಲಿ ತಿದ್ದಲು ಆಗ ಇನ್ನೂ ಅವಕಾಶವಿರುತ್ತದೆ. ಚಿತ್ರಮಂದಿರದ ಸಾರ್ವಜನಿಕ ಪ್ರದರ್ಶನಕ್ಕೆ ಸೆನ್ಸಾರ್ ಮಂಡಳಿಯ ಪ್ರಮಾಣಪತ್ರ ಕಡ್ಡಾಯ. ಮೊದಲ ಕೆಲಸಕ್ಕೆ ಒಂದಷ್ಟು ಮೆಚ್ಚುಗೆ ಬಂದ ಕೂಡಲೇ ನಟನೆಯ ಕಾಲ್‌ಶೀಟ್‌ಗಳನ್ನು ನಿರಾಕರಿಸಬೇಡಿ. ನಿರ್ದೇಶನ ಆರಂಭಿಸಿದ ಮೇಲೂ ಪಾಲಿ ಹಲವು ವರ್ಷ ನಟಿಸುತ್ತಲೇ ಇದ್ದರು. ಅವರ ಎರಡನೆಯ ಪೂರ್ಣಪ್ರಮಾಣದ ಚಿತ್ರ ಬಂದದ್ದು 2011ರಲ್ಲಿ. ಪಾತ್ರಗಳಿಂದ ಬರುವ ಸಂಭಾವನೆ ಮನೆಯನ್ನು ನಡೆಸುತ್ತಿದ್ದರೆ, ಎರಡನೆಯ ಕಥೆಯ ಹಕ್ಕಿಗಾಗಿ ಪತ್ರ ಬರೆದು ಉತ್ತರಕ್ಕೆ ಕಾಯುವ ಅವಧಿಯಲ್ಲಿ, ಬಂದ ಮೊದಲ ನಿರ್ಮಾಪಕರ ಷರತ್ತಿಗೆಲ್ಲ ತಲೆಯಾಡಿಸಬೇಕಾದ ಒತ್ತಡ ನಿಮ್ಮ ಮೇಲಿರುವುದಿಲ್ಲ.