ಮಳೆ ಕಚೇರಿ ಕಟ್ಟಿದ ಬಗೆ

ನನ್ನ ಕಾದಂಬರಿಯ ನಾಡಿನಲ್ಲಿ ಮಳೆ ಬೇಕಾದರೆ ಅರ್ಜಿ ಹಾಕಬೇಕು. ಅರ್ಜಿ ಮಳೆ ಕಚೇರಿಗೆ ಹೋಗುತ್ತದೆ. ಅಲ್ಲಿಂದ ಕೆರೆ ಏರಿಯ ಮೇಲಿರುವ ಮೋಡಗಾಣಕ್ಕೆ ಅಪ್ಪಣೆ ಬರುತ್ತದೆ. ಗಾಣ ತಿರುಗಬೇಕಾದರೆ ಊರಿನವರು ಗುರ್ಜಿ ಆಡಬೇಕು, ಅಂದರೆ ಮಳೆ ಬೇಡುವ ಆಚರಣೆ ಮಾಡಬೇಕು. ಮೂರರಲ್ಲಿ ಒಂದು ತಪ್ಪಿದರೂ ಒಂದು ಹನಿ ಬೀಳುವುದಿಲ್ಲ. ಈ ಮಾಯೆಯನ್ನು ಹೇಗೆ ಕಟ್ಟಿದೆ ಅಂತ ಬರೆಯಬೇಕು ಅನ್ನಿಸಿತು. ಕನ್ನಡದಲ್ಲಿ ಇಂಥ ಕತೆ ಬರೆಯಲು ಹೊರಟವರಿಗೆ ಏನಾದರೂ ಸಿಗಬಹುದು.

ಬೀಜ ಸಿಕ್ಕಿದ್ದು ನಮ್ಮ ರಾಜ್ಯದ ಸುದ್ದಿಗಳಲ್ಲೇ. 2017ರ ಆಗಸ್ಟ್‌ನಲ್ಲಿ ವರ್ಷಧಾರಿ ಯೋಜನೆ ಶುರುವಾಯಿತು. ಬೆಂಗಳೂರಿನ ಜಕ್ಕೂರಿನಿಂದ ವಿಮಾನ ಹಾರಿತು. ಮೋಡಕ್ಕೆ ಸಿಲ್ವರ್ ಅಯೋಡೈಡ್ ಬಿತ್ತುವ ಕೆಲಸ ಅದು. ಅದಕ್ಕೆ ಟೆಂಡರ್, ರೇಡಾರ್, ಅನುಮತಿ, ವರದಿ ಎಲ್ಲವೂ ಇತ್ತು. 2019ರಲ್ಲಿ ಮುಜರಾಯಿ ಇಲಾಖೆ ಒಂದು ಸುತ್ತೋಲೆ ಹೊರಡಿಸಿತು. ಇಲಾಖೆಯ ದೇವಸ್ಥಾನಗಳಲ್ಲಿ ಜೂನ್ 6ನೇ ತಾರೀಕು ಮಳೆಗಾಗಿ ಪೂಜೆ ಮಾಡಬೇಕು, ಖರ್ಚು 10,001 ರೂಪಾಯಿ ಮೀರಬಾರದು ಅಂತ. ಅದೇ ದಿನ ಶೃಂಗೇರಿ ಹತ್ತಿರದ ಕಿಗ್ಗಾದ ಋಷ್ಯಶೃಂಗ ದೇವಸ್ಥಾನದಲ್ಲೂ ಪೂಜೆ ನಡೆಯಿತು. ಮಳೆ ಬರಲಿ ಅಂತಲೂ, ಬಂದ ಮಳೆ ನಿಲ್ಲಲಿ ಅಂತಲೂ ಜನ ಬೇಡಿಕೊಳ್ಳುವ ಜಾಗ ಅದು.

ನನ್ನನ್ನು ಹಿಡಿದಿದ್ದು ಆ 10,001. ಆ ಕೊನೆಯ ಒಂದು ರೂಪಾಯಿ ಪೂಜೆಯ ಲೆಕ್ಕ. ಮದುವೆಯ ಮುಯ್ಯಿಯಲ್ಲಿ, ದೇವರ ಕಾಣಿಕೆಯಲ್ಲಿ ನಾವೆಲ್ಲ ಹಾಕುವ ಒಂದು. ಖರ್ಚಿಗೆ ಮಿತಿ ಹಾಕಿದ್ದು ಮಾತ್ರ ಕಚೇರಿಯ ಲೆಕ್ಕ. ಎರಡು ನಂಬಿಕೆಗಳು ಒಂದೇ ಅಂಕಿಯಲ್ಲಿ ಕೂತಿವೆ, ಒಂದನ್ನೊಂದು ಕೆಡಿಸಿಲ್ಲ. ನನ್ನ ಮಾಯೆ ಹೀಗೇ ಇರಬೇಕು ಅಂತ ಆಗಲೇ ತೀರ್ಮಾನಿಸಿದೆ. ಯಂತ್ರ ಒಂದು ಕಡೆ, ಪೂಜೆ ಒಂದು ಕಡೆ, ಗುಮಾಸ್ತ ಇನ್ನೊಂದು ಕಡೆ ನಿಂತರೆ ಅದು ಬರೀ ಅಲಂಕಾರ. ಒಂದೇ ವಸ್ತು ಮೂವರ ಕೈಯಲ್ಲೂ ಹಾದು ಹೋಗಬೇಕು.

ಆ ವಸ್ತು ನೀರು. ಅದನ್ನು ತೋರಿಸಿಕೊಟ್ಟಿದ್ದು ಗುರ್ಜಿ. ಉತ್ತರ ಕರ್ನಾಟಕದವರಿಗೆ ಇದನ್ನು ವಿವರಿಸಬೇಕಿಲ್ಲ. ಮಳೆ ಕೈಕೊಟ್ಟಾಗ ಸಗಣಿಯಿಂದ ಗುರ್ಜಿಯನ್ನು ಮಾಡಿ, ಹಂಚಿನ ಮೇಲಿಟ್ಟು, ಗರಿಕೆ ಸಿಕ್ಕಿಸಿ, ಒಬ್ಬರು ತಲೆಯ ಮೇಲೆ ಹೊತ್ತು ಹಾಡುತ್ತಾ ಮನೆ ಮನೆಗೆ ಹೋಗುತ್ತಾರೆ. ಪ್ರತಿ ಮನೆಯವರೂ ಅದರ ಮೇಲೆ ನೀರು ಸುರಿಯುತ್ತಾರೆ. ಹೊತ್ತವರು ಗಿರಗಿರ ತಿರುಗುತ್ತಾರೆ, ನೀರು ಸುತ್ತಲೂ ಚಿಮ್ಮುತ್ತದೆ. ಸ್ವಲ್ಪ ಯೋಚಿಸಿ. ಬರಗಾಲ, ಬಾವಿ ಬತ್ತಿದೆ, ಆದರೂ ಕೊಡದಲ್ಲಿ ಉಳಿದ ನೀರನ್ನು ಸುರಿಯಬೇಕು. ಮಾಯೆಗೆ ಬೆಲೆ ಇರಬೇಕು ಅಂತ ಎಲ್ಲರೂ ಹೇಳುತ್ತಾರೆ. ರಕ್ತ, ಆಯಸ್ಸು, ನೆನಪು ಅಂತೆಲ್ಲ ಬೆಲೆ ಕಟ್ಟುತ್ತಾರೆ. ಒಂದು ಚೊಂಬು ನೀರು ಇವೆಲ್ಲಕ್ಕಿಂತ ಜಾಸ್ತಿ ಅಂತ ನನಗೆ ಅನ್ನಿಸಿತು.

ಹಾಗಾಗಿ ನನ್ನ ಕತೆಯಲ್ಲಿ ಗುರ್ಜಿಯಿಂದ ಇಳಿದ ನೀರು ತಾಮ್ರದ ಪಾತ್ರೆಗೆ ಬೀಳುತ್ತದೆ. ಆ ನೀರೇ ಮೋಡಗಾಣದ ಮೇವು. ಎಣ್ಣೆ ಗಾಣದ ಹಾಗೆ ಅದಕ್ಕೂ ಒರಳು, ಒನಕೆ, ನೊಗ ಇದೆ. ಎತ್ತು ಸುತ್ತಿದಂತೆ ನೀರು ಆವಿಯಾಗಿ ಮೇಲೇರಿ ಮೋಡವನ್ನು ಹಿಡಿಯುತ್ತದೆ. ಗಾಣಕ್ಕೆ ಸುರಿಯುವ ಮುಂಚೆ ಅದನ್ನು ಅಳೆಯಬೇಕು. ಕೊಟ್ಟ ನೀರಿಗೆ ತಕ್ಕಷ್ಟೇ ಮಳೆ ಮಂಜೂರು. ಇಲ್ಲಿ ಕಚೇರಿ ಬಂತು ನೋಡಿ.

ಕಚೇರಿಯ ನಿಯಮಗಳಿಗಾಗಿ ನಾನು ಹೆಚ್ಚು ಅಲೆಯಲಿಲ್ಲ. ಹವಾಮಾನ ಇಲಾಖೆಯ ಅಳತೆಯನ್ನೇ ನೋಡಿ. ಅವರಿಗೆ ಮಳೆಯ ದಿನ ಬೆಳಗ್ಗೆ 8.30ಕ್ಕೆ ಶುರುವಾಗಿ ಮರುದಿನ 8.30ಕ್ಕೆ ಮುಗಿಯುತ್ತದೆ. ಆ ಅವಧಿಯಲ್ಲಿ 2.5 ಮಿಲಿಮೀಟರ್ ಆದರೂ ಬಿದ್ದರೆ ಮಾತ್ರ ಅದು ಮಳೆ ಬಂದ ದಿನ. 2.4 ಬಿದ್ದರೆ ನೆಲ ಒದ್ದೆಯಾಗುತ್ತದೆ, ಮಕ್ಕಳು ನೆನೆಯುತ್ತಾರೆ, ಮಳೆ ದಿನಗಳ ಲೆಕ್ಕಕ್ಕೆ ಮಾತ್ರ ಸೇರುವುದಿಲ್ಲ. ಎಲ್ಲೋ ಒಂದು ಗೆರೆ ಎಳೆಯಲೇಬೇಕು, ಅದರಲ್ಲಿ ತಪ್ಪೇನಿಲ್ಲ. ಆದರೆ ಗೆರೆಯ ಈಚೆ ಉಳಿದವರು ಯಾರು? ನನ್ನ ನಾಯಕಿ ಸಿಕ್ಕಿದ್ದು ಆ ಪ್ರಶ್ನೆಯಿಂದ. ಮಳೆ ಕಚೇರಿಯಲ್ಲಿ ಪಾವಿಗಿಂತ ಕಡಿಮೆ ನೀರು ಕೊಟ್ಟ ಮನೆಯ ಮುಂದೆ ಸೊನ್ನೆ ಬರೆಯುತ್ತಾರೆ. ಊರ ಕೊನೆಯ ಮನೆಯ ಮುದುಕಿಯ ಹತ್ತಿರ ಅಷ್ಟೂ ಇಲ್ಲ. ಇದ್ದದ್ದೆಲ್ಲ ಸುರಿದಿದ್ದಾಳೆ, ಅವಳ ಹೊಲಕ್ಕೆ ಮಳೆ ಇಲ್ಲ. ಅಳತೆಗೆ ಬಂದ ಹುಡುಗಿ ಆ ಸೊನ್ನೆಯನ್ನು ಬರೆಯಬೇಕು. ಅವಳ ಕೈ ನಿಲ್ಲುತ್ತದೆ. ಕತೆ ಶುರುವಾಗುವುದೇ ಅಲ್ಲಿ.

ಇಲಾಖೆಗಳನ್ನು ಹಂಚುವುದು ಸುಲಭವಾಯಿತು, ಯಾಕೆಂದರೆ ನಮ್ಮ ರೈತರು ಮೊದಲೇ ಹಂಚಿ ಇಟ್ಟಿದ್ದಾರೆ. ಭರಣಿ, ಕೃತ್ತಿಕೆ, ರೋಹಿಣಿ, ಮೃಗಶಿರ, ಆರಿದ್ರಾ, ಹೀಗೆ ಒಂದೊಂದು ಮಳೆ ಸುಮಾರು 13–14 ದಿನ. ಪ್ರತಿ ಮಳೆಗೂ ಒಂದು ವಿಭಾಗ, ಒಬ್ಬ ಅಧಿಕಾರಿ, ಒಂದು ಪುಸ್ತಕ ಕೊಟ್ಟೆ. ಭರಣಿಯ ಮಳೆಯನ್ನು ಕೃತ್ತಿಕೆಯಲ್ಲಿ ಸುರಿಸುವಂತಿಲ್ಲ. ಉಳಿದರೆ ಖಜಾನೆಗೆ ವಾಪಸ್. ಮಾರ್ಚ್ 31ರ ಹತ್ತಿರ ಕಚೇರಿಗಳಲ್ಲಿ ಹಣ ಹೇಗೆ ಖರ್ಚಾಗುತ್ತದೆ ಅಂತ ನೋಡಿದವರಿಗೆ ಮುಂದಿನದು ಗೊತ್ತಾಗಿಬಿಡುತ್ತದೆ. ಪ್ರತಿ ನಕ್ಷತ್ರದ ಕೊನೆಯ ದಿನ ಉಳಿದ ಮಳೆಯನ್ನೆಲ್ಲ ಒಮ್ಮೆಗೇ ಬಿಡುತ್ತಾರೆ. ನನ್ನ ನಾಡಿನಲ್ಲಿ ನೆರೆ ಬರುವುದು ಹಾಗೆ. ಈ ಒಂದು ನಿಯಮದಿಂದ ಅರ್ಧ ಕತೆ ತಾನಾಗಿಯೇ ಹುಟ್ಟಿತು.

ಪುಸ್ತಕ ಯಾವುದರಿಂದ ಮಾಡಿದ್ದು ಅನ್ನುವುದರ ಮೇಲೆ ಬಹಳ ಹೊತ್ತು ಕೂತೆ. ಹಿಂದೆ ನಮ್ಮಲ್ಲಿ ಬಟ್ಟೆಗೆ ಹುಣಸೆಬೀಜದ ಅಂಟು ಮತ್ತು ಇದ್ದಿಲ ಪುಡಿ ಬಳಿದು, ಒಣಗಿಸಿ, ಮಡಿಸಿ ಕಡತ ಮಾಡುತ್ತಿದ್ದರು. ಕಪ್ಪು ಹಾಳೆಯ ಮೇಲೆ ಬಳಪದ ಬಿಳಿ ಅಕ್ಷರ. ಬೇಡವಾದಾಗ ಅಳಿಸಿ ಮತ್ತೆ ಬರೆಯಬಹುದು. ಮಳೆ ಕಚೇರಿಗೆ ಇದನ್ನೇ ಕೊಟ್ಟೆ. ಈಗ ಏನಾಯಿತು ನೋಡಿ. ಮಳೆಯ ಲೆಕ್ಕ ಬರೆದ ಪುಸ್ತಕ ಮಳೆಯಲ್ಲಿ ನೆನೆದರೆ ಲೆಕ್ಕವೇ ಅಳಿಸಿಹೋಗುತ್ತದೆ. ಮೊದಲ ಹನಿ ಬಿದ್ದ ತಕ್ಷಣ ಊರೆಲ್ಲ ಅಂಗಳಕ್ಕೆ ಓಡಿ ಬರುತ್ತದೆ, ಗುಮಾಸ್ತ ಮಾತ್ರ ಕಡತ ಎದೆಗವಚಿಕೊಂಡು ಒಳಗೆ ಓಡುತ್ತಾನೆ. ತಾನು ತರಿಸಿದ ಮಳೆಯಲ್ಲಿ ಅವನು ಯಾವತ್ತೂ ನೆನೆದಿಲ್ಲ. ಈ ಮನುಷ್ಯನ ಮೇಲೆ ನನಗೆ ತುಂಬಾ ಪ್ರೀತಿ.

ಗುಮಾಸ್ತರನ್ನು ಕೆಟ್ಟವರನ್ನಾಗಿ ಮಾಡಬೇಡಿ ಅಂತ ನನ್ನ ಕಳಕಳಿಯ ಮಾತು. ಲಂಚ ತಿನ್ನುವ ಗುಮಾಸ್ತ ಬಂದರೆ ಮಾಯೆ ಸತ್ತುಹೋಗುತ್ತದೆ, ಯಾಕೆಂದರೆ ಅಲ್ಲಿ ನಿಯಮಕ್ಕೆ ಬಲವೇ ಇರುವುದಿಲ್ಲ. ವಿಧಾನಸೌಧದ ಮೇಲೆ ‘ಸರ್ಕಾರದ ಕೆಲಸ ದೇವರ ಕೆಲಸ’ ಅಂತ ಬರೆದಿದೆಯಲ್ವಾ? ನನ್ನ ನಾಡಿನವರು ಅದನ್ನು ಅಕ್ಷರಶಃ ನಂಬುತ್ತಾರೆ. ಸ್ನಾನ ಮಾಡದೆ ಕಡತ ಮುಟ್ಟುವುದಿಲ್ಲ. ತಪ್ಪು ಅಂಕಿ ಬರೆದ ದಿನ ಊಟ ಬಿಡುತ್ತಾರೆ. ಆಯುಧಪೂಜೆಯ ದಿನ ಗಾಣಕ್ಕೆ ಎಷ್ಟು ಹೂವೋ, ಅಳತೆಯ ಪಾವಿಗೂ ಅಷ್ಟೇ ಹೂವು. ಇಂಥವರು ಮುದುಕಿಯ ಮುಂದೆ ಸೊನ್ನೆ ಬರೆದಾಗಲೇ ನೋವು ತಟ್ಟುವುದು.

ಗಾಣದ ಯಂತ್ರಭಾಗಗಳ ಬಗ್ಗೆ ಜಾಸ್ತಿ ಹೇಳುವುದಿಲ್ಲ. ಎಲ್ಲಿ ಸವೆಯುತ್ತದೆ, ಯಾರು ರಿಪೇರಿ ಮಾಡುತ್ತಾರೆ, ಬಡಗಿಗೆ ಕೂಲಿ ಯಾವ ಲೆಕ್ಕದಿಂದ ಬರುತ್ತದೆ, ಇಷ್ಟು ಗೊತ್ತಿದ್ದರೆ ಸಾಕು.

ಈಗ ಬರೆಯುತ್ತಿರುವುದು ಎರಡು ಊರುಗಳ ವ್ಯಾಜ್ಯದ ಅಧ್ಯಾಯ. ಒಂದು ಊರು ನೀರು ಸುರಿದು ಎಬ್ಬಿಸಿದ ಮೋಡ ಗಾಳಿಗೆ ಸಿಕ್ಕಿ ಪಕ್ಕದ ಊರಿನ ಮೇಲೆ ಬಿದ್ದಿದೆ. ಬಿದ್ದ ಮಳೆಯನ್ನು ವಾಪಸ್ ಕೊಡಿಸಲು ಆಗುವುದಿಲ್ಲ. ಪಕ್ಕದ ಊರಿನವರು ಮುಂದಿನ ಗುರ್ಜಿಯಲ್ಲಿ ಇವರ ಪಾತ್ರೆಗೂ ನೀರು ಸುರಿಯಬೇಕು ಅಂತ ಆರಿದ್ರಾ ವಿಭಾಗದ ಅಧಿಕಾರಿ ತೀರ್ಪು ಕೊಡುತ್ತಾಳೆ. ಅವರು ಒಪ್ಪುತ್ತಾರೆ, ಆದರೆ ಆ ನೀರನ್ನು ಯಾರ ಹೆಸರಿನಲ್ಲಿ ಅಳೆಯಬೇಕು ಅನ್ನುವುದಕ್ಕೆ ಕಡತದಲ್ಲಿ ಇನ್ನೂ ಕಲಮು ಇಲ್ಲ. ಅದನ್ನು ಸೇರಿಸುವ ಅಧಿಕಾರವನ್ನು ಅಳತೆಯ ಹುಡುಗಿಗೇ ಕೊಡಬೇಕು ಅಂತಿದ್ದೇನೆ.