ಹುಡೆ, ಅಗಸಿಯ ಗೋಡೆಗೆ ಗಚ್ಚು ತುಂಬುವ ಬಗೆ

ಸೇಡಂ, ಚಿತ್ತಾಪುರ ಕಡೆಯ ಹಳ್ಳಿಗಳಲ್ಲಿ ಹುಡೆ (ಕಾವಲು ಬುರುಜು), ಅಗಸಿ (ಊರ ಹೆಬ್ಬಾಗಿಲು), ವಾಡೆಗಳ (ಹಳೆ ದೊಡ್ಡ ಮನೆಗಳ) ಕಲ್ಲಿನ ಸಂದು ಬಾಯಿ ಬಿಟ್ಟಾಗ ಸಿಮೆಂಟ್ ಮೆತ್ತಲೇಬೇಡಿ, ಗಚ್ಚು, ಅಂದರೆ ಸುಣ್ಣ ಉಸುಕಿನ ಮಿಶ್ರಣ, ತುಂಬಿ. ಹಳೆ ಗೋಡೆ ಮಳೆಗಾಲದಲ್ಲಿ ಕುಡಿದ ನೀರನ್ನು ಸಂದಿನ ಸುಣ್ಣದ ಮೂಲಕ ಹೊರಗೆ ಬಿಡುತ್ತದೆ. ಸಿಮೆಂಟ್ ಆ ದಾರಿ ಮುಚ್ಚಿದರೆ ನೀರೂ ಉಪ್ಪೂ ಒಳಗೇ ಉಳಿದು ಕಲ್ಲಿನ ಮೈ ಪದರು ಪದರಾಗಿ ಏಳುತ್ತದೆ. ಬೀದರಿನ ಜಂಬಿಟ್ಟಿಗೆ ಮೆತ್ತಗಿನ ಕಲ್ಲು, ಅಲ್ಲಿ ಹಾನಿ ಇನ್ನೂ ಬೇಗ.

ಮೊದಲು ಒಂದು ವಿಚಾರಣೆ. ಕಟ್ಟಡ ಪುರಾತತ್ವ ಇಲಾಖೆಯ ಪಟ್ಟಿಯಲ್ಲಿದ್ದರೆ ಅನುಮತಿ ಇಲ್ಲದೆ ಮುಟ್ಟುವಂತಿಲ್ಲ. ಕೇಂದ್ರ ಸಂರಕ್ಷಿತ ಸ್ಮಾರಕದ ಸುತ್ತ 100 ಮೀಟರ್ ನಿಷೇಧಿತ, ಅದರಾಚೆ 200 ಮೀಟರ್ ನಿಯಂತ್ರಿತ ಪ್ರದೇಶ.

ಸುಣ್ಣಕ್ಕೆ ಅವಸರ ಆಗದು. ಕಬ್ಬಿಣದ ಡ್ರಮ್ಮಿನಲ್ಲಿ ಮೊದಲು ನೀರು ಹಾಕಿ, ಅದಕ್ಕೆ ಸುಟ್ಟ ಸುಣ್ಣದ ಹರಳನ್ನು ಸ್ವಲ್ಪ ಸ್ವಲ್ಪವೇ ಬಿಡಿ. 1 ಕೆಜಿ ಹರಳಿಗೆ ಸುಮಾರು 3 ಲೀಟರ್ ನೀರು. ಹರಳಿನ ಮೇಲೆ ನೀರು ಸುರಿದರೆ ಕುದ್ದು ಸಿಡಿಯುತ್ತದೆ, ಕಣ್ಣೇ ಹೋದೀತು. ಕನ್ನಡಕ, ಕೈಗವಸು ಇಲ್ಲದೆ ಹತ್ತಿರ ಹೋಗಬೇಡಿ. ಅರಳಿದ ಸುಣ್ಣವನ್ನು ಸೋಸಿ, ಮೇಲೆ ನೀರು ನಿಲ್ಲಿಸಿ ಕನಿಷ್ಠ ಮೂರು ವಾರ ಇಡಿ. ಎರಡು ಮೂರು ತಿಂಗಳಾದರೆ ಬೆಣ್ಣೆಯಂತಾಗುತ್ತದೆ. ಅರಳದೆ ಉಳಿದ ಹರಳು ಗೋಡೆಯಲ್ಲಿ ಸೇರಿದರೆ ಆಮೇಲೆ ಉಬ್ಬಿ ಗಚ್ಚನ್ನೇ ಒಡೆಯುತ್ತದೆ.

ಒಂದು ಪಾಲು ಸುಣ್ಣಕ್ಕೆ ಮೂರು ಪಾಲು ಉಸುಕು. ನಮ್ಮ ಎರೆಸೀಮೆಯ ಹಳ್ಳದ ಉಸುಕಿನಲ್ಲಿ ಮಣ್ಣು ಹೆಚ್ಚು, ಅದನ್ನು ತೊಳೆಯಲೇಬೇಕು; ಇಲ್ಲವಾದರೆ ಒಣಗುವಾಗ ಸಂದು ಬಿರಿಯುತ್ತದೆ. ಗಾಜಿನ ಬಾಟಲಿಯಲ್ಲಿ ಅರ್ಧ ಉಸುಕು, ಮೇಲೆ ನೀರು, ಚಿಟಿಕೆ ಉಪ್ಪು ಹಾಕಿ ಅಲುಗಿಸಿ ಮೂರು ತಾಸು ಬಿಡಿ. ಮೇಲೆ ಕೂತ ಮಣ್ಣಿನ ಪದರು 8%ಕ್ಕಿಂತ ಹೆಚ್ಚಿದ್ದರೆ ಮತ್ತೆ ತೊಳೆಯಿರಿ. ನೆಲಕ್ಕೆ ಹತ್ತಿದ, ಸದಾ ಹಸಿ ಇರುವ ಸಾಲುಗಳಿಗೆ ಒಂದು ಪಾಲು ಉಸುಕಿನ ಬದಲು ಹದವಾಗಿ ಸುಟ್ಟ ನಾಡ ಇಟ್ಟಂಗಿಯ ಪುಡಿ ಸೇರಿಸಿ. ಬರೀ ಸುಣ್ಣ ಗಟ್ಟಿಯಾಗಲು ಗಾಳಿ ಬೇಕು, ಹಸಿಯಲ್ಲಿ ಅದು ಹಿಡಿಯುವುದಿಲ್ಲ.

ಗೋಡೆಯಲ್ಲಿ ಆಲ, ಅರಳಿ ಚಿಗುರಿದ್ದರೆ ಜಗ್ಗಬೇಡಿ, ಬೇರಿನ ಜೊತೆ ಕಲ್ಲೂ ಬರುತ್ತದೆ. ಬುಡಕ್ಕೆ ಕತ್ತರಿಸಿ, ಒಣಗಿದ ಮೇಲೆ ಬೇರು ಬಿಡಿಸಿ. ಸಂದಿನ ಸಡಿಲ ಗಚ್ಚನ್ನು ಚಾಣದಿಂದ ಸಂದಿನ ಅಗಲದ ಎರಡರಷ್ಟು ಆಳಕ್ಕೆ, ಕನಿಷ್ಠ 2 ಸೆಂಟಿಮೀಟರ್ ಕೆರೆದು, ಧೂಳು ತೊಳೆದು ಗೋಡೆ ತೋಯಿಸಿ. ಕಲ್ಲು ಒಣಗಿದ್ದರೆ ಗಚ್ಚಿನ ನೀರು ಹೀರಿ ಅದನ್ನು ಪುಡಿ ಮಾಡುತ್ತದೆ. ಒಂದು ಸಲಕ್ಕೆ 1 ಸೆಂಟಿಮೀಟರಿನಷ್ಟೇ ಕರಣಿಯಿಂದ ಒತ್ತಿ ತುಂಬಿ. ಅದು ಬಿಗಿದ ಮೇಲೆ ಮುಂದಿನ ಪದರು. ದೊಡ್ಡ ಸಂದಿಗೆ ಅದೇ ಕಲ್ಲಿನ ಚಕ್ಕೆ ಕೂಡಿಸಿ. ಗಚ್ಚು ಕಲ್ಲಿನ ಅಂಚಿನಿಂದ ತುಸು ಒಳಗೇ ನಿಲ್ಲಲಿ, ಕಲ್ಲಿನ ಮೋರೆಗೆ ಬಳಿಯಬಾರದು.

ಮಳೆ ನಿಂತ ಮೇಲೆ, ದೀಪಾವಳಿಯಿಂದ ಸಂಕ್ರಾಂತಿಯೊಳಗೆ ಈ ಕೆಲಸ ಮುಗಿಸಿ. ಇಲ್ಲಿಯ ಬ್ಯಾಸಗಿ ಬಿಸಿಲಿಗೆ ಯಾವ ಗೌಂಡಿಯ ಕೈಚಳಕವೂ ಸಾಲದು. ತುಂಬಿದ ಕೂಡಲೇ ಗೋಣಿ ತಟ್ಟು ಇಳಿಬಿಟ್ಟು ಹತ್ತು ದಿನ ಹಸಿ ಹಿಡಿಯಿರಿ, ನೀರು ಚಿಮುಕಿಸಿದರೆ ಸಾಕು. ತಿಂಗಳ ಮೇಲೆ ಉಗುರಿನಿಂದ ಗೀರಿ ನೋಡಿ: ಗೆರೆಯಷ್ಟೇ ಬಿದ್ದರೆ ಸರಿ, ಪುಡಿ ಉದುರಿದರೆ ಆ ಸಂದು ಬಿಚ್ಚಿ ಮತ್ತೆ ತುಂಬಿ.