ಅಜ್ಜನ ಉದ್ದರಿ ಪುಸ್ತಕ ಬಾಯಿ ಬಿಟ್ಟ ಕಥೆ

‘ಲಾಸ ಪೀಷಸಿಸ್ಸ, ಕಿಮ್ಮು ಒಜದೇಜ.’

ಅಜ್ಜನ ಕಿರಾಣಿ ಅಂಗಡಿಯ ಉದ್ದರಿ ಪುಸ್ತಕದಲ್ಲಿ ಒಂದು ಖಾತೆಯ ಅಂಚಿಗೆ ಹೀಗೆ ಬರೆದಿತ್ತು. ಇಂಥ ಸಾಲುಗಳು ಅರವತ್ತರಷ್ಟಿದ್ದವು. ಸೋದರಮಾವ ಇದು ಮಾಟದ ಮಂತ್ರ, ಮುಟ್ಟಬೇಡ ಎಂದರು. ಹಳೆಯ ಬರಹ ಓದಿಕೊಡುತ್ತೇನೆಂದ ಒಬ್ಬರು 1,500 ರೂಪಾಯಿ ಪಡೆದು, ಎರಡು ತಿಂಗಳು ಇಟ್ಟುಕೊಂಡು, ‘ಅರ್ಥವಿಲ್ಲದ ಗೀಚು’ ಎಂದು ಹಿಂದಿರುಗಿಸಿದರು. ಆ ಮಾತಿಗೇ ನನಗೆ ಹಟ ಹತ್ತಿದ್ದು.

ಇದು ಗೂಢಲಿಪಿ ಇರಬೇಕೆಂದುಕೊಂಡು, ಮೊದಲು ಎಲ್ಲರಂತೆ ವರ್ಣಮಾಲೆಯನ್ನು ಒಂದೊಂದೇ ಮನೆ ಸರಿಸಿ, ಕ ಇದ್ದಲ್ಲಿ ಖ ಎಂಬಂತೆ, ನೋಡಿದೆ. ಮೂವತ್ತಮೂರು ಸಲ ಸರಿಸಿದರೂ ಒಂದು ಪದ ಹುಟ್ಟಲಿಲ್ಲ. ಆಮೇಲೆ 600 ರೂಪಾಯಿ ಕೊಟ್ಟು ಎಲ್ಲವನ್ನೂ ಟೈಪ್ ಮಾಡಿಸಿ ಯಾವ ಅಕ್ಷರ ಹೆಚ್ಚು ಬರುತ್ತದೆಂದು ಕಂಪ್ಯೂಟರಿನಲ್ಲಿ ಎಣಿಸಿದೆ. ಪಟ್ಟಿಯ ನೆತ್ತಿಯ ಮೇಲೆ ಬಂದು ಕುಳಿತದ್ದು ಹಲಂತ, ಅಂದರೆ ವ್ಯಂಜನಕ್ಕೆ ಸ್ವರವಿಲ್ಲವೆಂದು ತೋರಿಸುವ ಗುರುತು! ಕಂಪ್ಯೂಟರ್ ಅಕ್ಷರಗಳನ್ನು ಗುರುತಿಸುವ ಯೂನಿಕೋಡ್ ಪದ್ಧತಿಯಲ್ಲಿ ‘ಸ್ಸ’ ಎಂದರೆ ಸ, ಹಲಂತ, ಸ ಎಂಬ ಮೂರು ತುಂಡು. ಆ 600 ಕೂಡ ನೀರಿಗೆ ಬಿತ್ತು. ಕಾಗುಣಿತ ಕಳಚಿ ವ್ಯಂಜನಗಳನ್ನಷ್ಟೇ ಕೈಯಲ್ಲಿ ಎಣಿಸಿದಾಗ ಸ ಮೊದಲು, ಹಿಂದೆಯೇ ಪ, ಷ. ಷಕಾರ ಇಷ್ಟು ಸುರಿಯುವ ಕನ್ನಡ ಎಲ್ಲಾದರೂ ಇದೆಯೇ?

ನಡುವೆ ಕಟಪಯಾದಿಯ ಹುಚ್ಚು ಹಿಡಿಯಿತು. ಅದು ಒಂದೊಂದು ವ್ಯಂಜನಕ್ಕೂ ಒಂದು ಅಂಕಿ ಕೊಟ್ಟು, ಸಾಲನ್ನು ತಿರುಗಿಸಿ ಸಂಖ್ಯೆ ಓದುವ ಹಳೆಯ ಪದ್ಧತಿ. ‘ಲಾಸ’ಕ್ಕೆ 3, 7, ತಿರುಗಿಸಿದರೆ 73. ರೂಪಾಯಿ ಲೆಕ್ಕವೆಂದು ಹಿಗ್ಗಿದೆ. ಮುಂದಿನ ಪದ 7,761 ಎಂದಿತು. ಅಷ್ಟು ಉದ್ದರಿ ಕೊಟ್ಟಿದ್ದರೆ ಅಜ್ಜನ ಅಂಗಡಿಯೇ ಉಳಿಯುತ್ತಿರಲಿಲ್ಲ. ಒಂದು ವಾರ ಹಾಳು.

ಕೊನೆಗೆ ಬಾಗಿಲು ತೆರೆದದ್ದು ‘ಸಿಸ್ಸ’. ಪದದ ತುದಿಯಲ್ಲಿ ಒಂದೇ ಅಕ್ಷರ ಇಕಾರ ಹೊತ್ತು ಬಂದು, ಮರುಕ್ಷಣವೇ ತನಗೆ ತಾನೇ ಒತ್ತಾಗುತ್ತದೆ. ಉದ್ದರಿ ಪುಸ್ತಕದಲ್ಲಿ ಅಂಥದ್ದು ಇನ್ನೇನಿರಲು ಸಾಧ್ಯ? ಬರಲಿಲ್ಲ, ಕೊಡಲಿಲ್ಲ, ತೀರಲಿಲ್ಲ. ಸ ಎಂದರೆ ಲ. ಹಾಗಾದರೆ ಲ ಎಂದರೆ ಸ ಇರಬಹುದೇ ಎಂದು ನೋಡಿದೆ, ‘ಲಾಸ’ ಸಾಲವಾಯಿತು! ರಾತ್ರಿ ಹನ್ನೊಂದೂವರೆಗೆ ಹೆಂಡತಿಯನ್ನು ಎಬ್ಬಿಸಿ ತೋರಿಸಿದೆ. ‘ಇಷ್ಟೇ ತಾನೇ’ ಎಂದು ಮಗ್ಗುಲಾದಳು.

ಅದಲುಬದಲಿನ ಜೋಡಿ ಎಂದಾಗ ಮೂಲದೇವೀಯ ಎಂಬ ಹಳೆಯ ಗೂಢಲಿಪಿ ನೆನಪಾಗಲೇಬೇಕು. ಕಾಮಸೂತ್ರದ 64 ಕಲೆಗಳಲ್ಲಿ ಬರುವ ಮ್ಲೇಚ್ಛಿತ ವಿಕಲ್ಪಕ್ಕೆ, ಅಂದರೆ ಗೂಢವಾಗಿ ಬರೆಯುವ ಕಲೆಗೆ, ವ್ಯಾಖ್ಯಾನಕಾರ ಯಶೋಧರ ಹೇಳುವ ಪದ್ಧತಿಗಳಲ್ಲಿ ಅದೂ ಒಂದು. ಚ ವರ್ಗಕ್ಕೆ ಟ ವರ್ಗ, ತ ವರ್ಗಕ್ಕೆ ಪ ವರ್ಗ, ಯಕ್ಕೆ ಶ, ರಕ್ಕೆ ಷ, ಲಕ್ಕೆ ಸ. ಬೆಲ್ಲ ತೂಗುತ್ತಿದ್ದ ಅಜ್ಜನಿಗೆ ಇದನ್ನು ಯಾರು ಕಲಿಸಿದರೋ! ಆದರೂ ‘ಕಿಮ್ಮು’ ಹದಿನೈದು ದಿನ ಸತಾಯಿಸಿತು. ಕಕಾರಕ್ಕೆ ನಾನು ವ್ಯಂಜನಗಳಲ್ಲೇ ಜೋಡಿ ಹುಡುಕುತ್ತಿದ್ದೆ. ಅದರ ಜೋಡಿ ಅಕಾರ ಎಂಬುದು ಮರೆತೇಹೋಗಿತ್ತು. ಹಾಗಾಗಿ ಕ ಬಿಟ್ಟು ಸ್ವರವನ್ನಷ್ಟೇ ಓದಬೇಕು, ಕಿ ಎಂದರೆ ಬರಿಯ ಇ. ಬರಿಯ ಸ್ವರ ಬಂದರೆ ಕ ಸೇರಿಸಬೇಕು, ಒ ಎಂದರೆ ಕೊ.

‘ಸಾಲ ತೀರಲಿಲ್ಲ, ಇನ್ನು ಕೊಡಬೇಡ.’

ಮಧ್ಯಾಹ್ನ ಅಂಗಡಿಯಲ್ಲಿ ಕೂರುತ್ತಿದ್ದ ಅಪ್ಪನಿಗೆ ಬರೆದಿಟ್ಟ ಸೂಚನೆ ಇರಬೇಕು. ಗಿರಾಕಿ ಎದುರಿಗೇ ನಿಂತು ಪುಸ್ತಕಕ್ಕೆ ಇಣುಕಿದರೂ ತಿಳಿಯಬಾರದಲ್ಲ!

ಐವತ್ತು ಸಾಲು ಓದಿಯಾಗಿದೆ. ಕಡೆಯ ಏಳೆಂಟು ಪುಟಗಳಿಗೆ ಅಜ್ಜ ಎರಡನೆಯ ಬೀಗ ಹಾಕಿದ್ದರು. ಅದನ್ನು ಹೇಗೆ ತೆಗೆದೆ ಎಂಬುದು ಸದ್ಯಕ್ಕೆ ನನ್ನಲ್ಲೇ ಇರಲಿ. ಮಂತ್ರ ಎಂದಿದ್ದ ಸೋದರಮಾವ ಮೊನ್ನೆ ಫೋನ್ ಮಾಡಿ, ತಮ್ಮ ಮಾವನವರ ಖಾತೆ ಅದರಲ್ಲಿದೆಯೇ ಎಂದು ಮೆಲ್ಲಗೆ ಕೇಳಿದರು. ಹುಡುಕಿ ಹೇಳುತ್ತೇನೆ ಎಂದೆ. ಹದಿನಾಲ್ಕನೆಯ ಪುಟದಲ್ಲಿದೆ.